ಸೋಮವಾರ ಬಂದು ಕೇಳಿ

ಆವತ್ತು ಸೋಮವಾರ. ನಾನು ಮಂಡಿಯೂರಿ ಬಾಗಿಲ ಮೆಟ್ಟಿಲು ಉಜ್ಜುತ್ತಿದ್ದೆ. ಮೊದಲು ನೀರು ಹಾಕಿ ತಿಕ್ಕಬೇಕು, ಆಮೇಲೆ ಅಂಚಿನುದ್ದಕ್ಕೂ ಬಿಳಿಕಲ್ಲಿನಿಂದ ಗೆರೆ ಎಳೆಯಬೇಕು. ನಮ್ಮ ಟೆಂಟರ್ ಬೀದಿಯಲ್ಲಿ ಇದನ್ನು ಮಾಡದ ಮನೆ ಇಲ್ಲ. ಒಂದು ದಿನ ಮೆಟ್ಟಿಲು ಕೊಳಕಾಗಿದ್ದರೆ ಆ ಮನೆಯ ಹೆಂಗಸು ಸತ್ತಿರಬೇಕು, ಇಲ್ಲ ಓಡಿಹೋಗಿರಬೇಕು ಅಂತಲೇ ಬೀದಿ ಮಾತಾಡುತ್ತದೆ.

ಮಾರ್ತಾ ನನ್ನ ತಲೆಯ ಮೇಲಿಂದ ಕಾಲು ಎತ್ತಿ ದಾಟಿ ಗಿರಣಿಗೆ ಹೋದಳು. ಮಾರ್ತಾ ನನ್ನ ಗಂಡ ಜೋನಸ್‌ನ ತಂಗಿ. ಅವಳ ಗಂಡ ಯುದ್ಧದಿಂದ ಬರಲಿಲ್ಲ, ಆವಾಗಿನಿಂದ ನಮ್ಮ ಜೊತೆಗೇ ಇದ್ದಾಳೆ. ಹತ್ತಿ ಹಿಂಜುವ ಕೋಣೆಯಲ್ಲಿ ಕೆಲಸ. ಸೋಮವಾರ ಬೆಳಿಗ್ಗೆ ಅವಳು ಚೆನ್ನಾಗೇ ಇರುತ್ತಾಳೆ. ಹಿಂದಿನ ದಿನ ಚಾಪೆಲ್‌ನಲ್ಲಿ ಹಾಡಿದ ಹಾಡನ್ನೇ ಗುನುಗಿಕೊಂಡು ಮರದಟ್ಟೆಯ ಬೂಟು ಟಕಟಕ ಅನ್ನಿಸಿಕೊಂಡು ಹೋಗುತ್ತಾಳೆ. ಸಂಜೆ ಬರುವವಳು ಬೇರೆಯವಳು. ಎದೆಗೆ ಹಗ್ಗ ಬಿಗಿದ ಹಾಗೆ ಉಸಿರು ಎಳೆಯುತ್ತಾ ಬರುತ್ತಾಳೆ. ಮಹಡಿಯ ಮೆಟ್ಟಿಲನ್ನು ಕೂತುಕೊಂಡೇ, ಒಂದೊಂದಾಗಿ, ಹಿಂದಕ್ಕೆ ಹತ್ತುತ್ತಾಳೆ. ಮಂಗಳವಾರ ಸ್ವಲ್ಪ ಪರವಾಗಿಲ್ಲ. ವಾರ ಕಳೆಯುತ್ತಾ ಎದೆ ಧೂಳಿಗೆ ಒಗ್ಗಿಕೊಳ್ಳುತ್ತದೆ. ಶುಕ್ರವಾರ ನೋಡಿದವರು ಇವಳಿಗೆ ಏನೂ ಇಲ್ಲ ಅನ್ನಬೇಕು. ಶನಿವಾರ ಭಾನುವಾರ ಮನೆಯ ಗಾಳಿ ಕುಡಿದು ಒಳಗಿನದೆಲ್ಲ ಮತ್ತೆ ಹಸಿಯಾಗುತ್ತದೆ, ಸೋಮವಾರ ಮತ್ತೆ ಅದೇ ಹಗ್ಗ. ಹಿಂಜುವ ಕೋಣೆಯ ಹೆಂಗಸರೆಲ್ಲರದ್ದೂ ಇದೇ ಕಥೆ. ಅದಕ್ಕೆ ನಮ್ಮೂರು ಹಾರ್ಕ್ಲಫ್‌ನಲ್ಲಿ ಹೆಸರೇ ಸೋಮವಾರದ ಎದೆ.

ಈ ರೋಗ ಧೂಳಿನಿಂದ ಬಂದದ್ದು ಹೌದೋ ಅಲ್ಲವೋ ಅಂತ ಬರೆದುಕೊಡುವ ಡಾಕ್ಟರುಗಳ ಮಂಡಳಿ ಕೂರುವುದು ಶುಕ್ರವಾರ. ದೊಡ್ಡ ಊರಲ್ಲಿ, ರೈಲಿನಲ್ಲಿ ಹೋಗಬೇಕು. ಅವರು ಹೌದು ಅಂದರೆ ಪರಿಹಾರದ ದುಡ್ಡು ಸಿಗುತ್ತದೆ. ಮಾರ್ತಾ ಹೋಗಿದ್ದಳು. ಎದೆಗೆ ಕೊಳವೆ ಇಟ್ಟು ಕೇಳಿದರು, ಬರೀ ಚಳಿಗಾಲದ ಕೆಮ್ಮು ಅಂದರು. ಸೋಮವಾರದ ವಿಷಯ ಅವರಿಗೆ ಗೊತ್ತಿಲ್ಲ ಅಂತಲ್ಲ, ಪುಸ್ತಕದಲ್ಲೇ ಇದೆಯಂತೆ. ಶುಕ್ರವಾರ ಅವರಿಗೆ ಅನುಕೂಲ, ಅಷ್ಟೇ.

ಜೋನಸ್ ಪಾರ್ಲಿಮೆಂಟಿಗೆ ಹೋದದ್ದು ಈ ಒಂದಕ್ಕೆ. ಡಾಕ್ಟರುಗಳು ಸೋಮವಾರ ಬರಬೇಕು. ಬೇರೆ ಭರವಸೆ ಅವನು ಯಾರಿಗೂ ಕೊಡಲಿಲ್ಲ.

ಆವತ್ತು ಅವನು ಲಂಡನ್ ರೈಲಿಗೆ ಹೊರಟ. ಮದುವೆಯ ಕೋಟನ್ನು ಹಿಗ್ಗಿಸಿ ಹೊಲಿದುಕೊಟ್ಟಿದ್ದೆ, ಅದನ್ನೇ ಹಾಕಿದ್ದ. ಕಾಲು ಉದ್ದ, ಮೆಟ್ಟಿಲನ್ನು ತುಳಿಯದೆ ಒಂದೇ ಹೆಜ್ಜೆಗೆ ಬೀದಿಗೆ ಇಳಿದ. ಮದುವೆಯಾದಂದಿನಿಂದ ಒಂದು ಸಲವೂ ಒದ್ದೆ ಮೆಟ್ಟಿಲು ತುಳಿದವನಲ್ಲ. ಹಿತ್ತಲ ಓಣಿಯಲ್ಲಿ ಎಲ್ಲರ ಒಗೆದ ಬಟ್ಟೆ ಹಾರಾಡುತ್ತಿತ್ತು. ಅದರಡಿ ಬಗ್ಗಿ ಹೋಗಬೇಕಲ್ಲ ಅಂತ ಬೀದಿ ಕಡೆಯಿಂದಲೇ ಹೊರಟ.

"ಬುಧವಾರ ಮಾತಾಡೋಕೆ ನನ್ನ ಸರದಿ ಬರುತ್ತೆ. ಬರ್ತೀಯಾ?" ಅಂದ.

"ಮಾರ್ತಾಗೆ ಅಡುಗೆ ಮಾಡಿ ಹಾಕೋರು ಯಾರು?"

"ಒಂದು ದಿನ ಬ್ರೆಡ್ಡು ತಿಂತಾಳೆ ಬಿಡೇ. ಸಾಯಲ್ಲ."

ಆಮೇಲೆ ಪಕ್ಕದ ಮನೆಯವಳ ಕಡೆ ತಿರುಗಿ, ನನ್ನ ಹೆಂಡತಿ ರಾಣಿ ಬಂದರೂ ಮೆಟ್ಟಿಲು ಒಣಗೋವರೆಗೂ ಹೊರಗೇ ನಿಲ್ಲಿಸ್ತಾಳೆ ಅಂತ ಜೋರಾಗಿ ಹೇಳಿದ. ಅವನು ಮಾತಾಡುವುದೇ ಜೋರು. ಮಗ್ಗದ ಶೆಡ್ಡು ಅವನ ಕಿವಿ ತಿಂದಿತ್ತು. ಕೆಮ್ಮುತ್ತಾ ಮೂಲೆ ತಿರುಗಿದ. ನಾನು ಅಂಚು ಎಳೆದು ಮುಗಿಸಿದೆ. ಅದೇ ನಮ್ಮ ಕೊನೆಯ ಮಾಮೂಲು ದಿನ. ಗೊತ್ತಿದ್ದರೆ ಎದ್ದು ನಿಂತು ನೋಡುತ್ತಿದ್ದೆ ಅಂತ ಜನ ಹೇಳುತ್ತಾರೆ. ನಾನು ಹಾಗೆ ಹೇಳಲ್ಲ. ಅಂಚು ಒಣಗಿಬಿಟ್ಟರೆ ಗೆರೆ ಕೂರಲ್ಲ.

ಅವನ ವಿಷಯ ಬರೆಯಬೇಕು ಅಂತ ಚಾಪೆಲ್‌ನವರು ಕೇಳಿದ್ದಾರೆ. ನನಗೆ ಓದು ಕಡಿಮೆ. ಹದಿಮೂರಕ್ಕೇ ಗಿರಣಿಗೆ ಹೋದವಳು. ಗೊತ್ತಿರುವುದನ್ನು ಗೊತ್ತಿರುವ ಹಾಗೆ ಬರೆಯುತ್ತೇನೆ.

ಜೋನಸ್ ಎಂಟ್ವಿಸಲ್ ಹುಟ್ಟಿದ್ದು ಇದೇ ಬೀದಿಯ ಮೇಲ್ತುದಿಯಲ್ಲಿ. ಅಪ್ಪ ಮೊದಲನೇ ಯುದ್ಧದಲ್ಲಿ ಹೋದ. ಅವ್ವ ನೇಯುತ್ತಿದ್ದಳು. ಇವನೂ ನೇಯ್ಗೆಗೆ ಸೇರಿ, ಆಮೇಲೆ ಮಗ್ಗದ ಮೇಸ್ತ್ರಿ ಆದ. ಮೇಸ್ತ್ರಿ ಅಂದರೆ ಕೆಟ್ಟ ಮಗ್ಗ ಸರಿಮಾಡುವವನು. ನಮ್ಮ ಕಡೆ ದಡ್ಡರ ಕಥೆಗಳೆಲ್ಲ ಮೇಸ್ತ್ರಿಗಳ ಮೇಲೇ. ಒಬ್ಬ ಮೇಸ್ತ್ರಿ ಗೋಡೆ ಗಡಿಯಾರ ತಪ್ಪು ತೋರಿಸುತ್ತೆ ಅಂತ ಅದನ್ನು ಹೊತ್ತುಕೊಂಡು ಟೌನ್‌ಹಾಲ್ ಗಡಿಯಾರದ ಕೆಳಗೆ ಹೋಗಿ ಸರಿಮಾಡಿಕೊಂಡನಂತೆ. ಮನೆಗೆ ತರುವಾಗ ಅಲುಗಾಡಿ ನಿಂತುಹೋಯಿತಂತೆ. ಮತ್ತೆ ಹೊತ್ತುಕೊಂಡು ಹೊರಟನಂತೆ. ಈಗಲೂ ನಡೆಯುತ್ತಲೇ ಇದ್ದಾನಂತೆ. ಇಂಥದ್ದನ್ನು ಜೋನಸ್ ದಿನವೂ ಕೇಳುತ್ತಿದ್ದ, ಎಲ್ಲರಿಗಿಂತ ಮೊದಲು ತಾನೇ ನಗುತ್ತಿದ್ದ.

ಮಗ್ಗದ ಶೆಡ್ಡಿನಲ್ಲಿ ದನಿ ಕೇಳುವುದಿಲ್ಲ. ಕಿವಿಗೆ ಬಾಯಿಟ್ಟು ಕಿರುಚಿದರೂ ಕೇಳುವುದಿಲ್ಲ. ಅದಕ್ಕೆ ನಾವು ನೇಯುವವರು ತುಟಿಯಲ್ಲಿ ಮಾತಾಡುತ್ತೇವೆ. ಬಾಯಿ ದೊಡ್ಡದಾಗಿ ತೆರೆದು, ತುಟಿ ಹಿಗ್ಗಿಸಿ ಕುಗ್ಗಿಸಿ, ದನಿಯೇ ಇಲ್ಲದೆ. ಶೆಡ್ಡಿನ ಆ ತುದಿಯಿಂದ ಈ ತುದಿಗೆ ಇಡೀ ಜಗಳ ಆಡಿ ಮುಗಿಸಬಹುದು. ಒಂದೇ ತೊಂದರೆ, ಕಣ್ಣಿದ್ದವರಿಗೆಲ್ಲ ಗೊತ್ತಾಗುತ್ತೆ. ಗುಟ್ಟು ಇದ್ದರೆ ಬಾಯಿಗೆ ಕೈ ಅಡ್ಡ ಇಟ್ಟುಕೊಳ್ಳಬೇಕು.

ಜೋನಸ್ ನನ್ನನ್ನು ಮದುವೆಗೆ ಕೇಳಿದಾಗ ಕೈ ಅಡ್ಡ ಇಡಲಿಲ್ಲ. ನಾನು ಹರಿದ ಎಳೆ ಕಟ್ಟುತ್ತಿದ್ದೆ. ತಲೆ ಎತ್ತಿದರೆ ನಾಲ್ಕು ಮಗ್ಗದಾಚೆ ನಿಂತು, ನನ್ನ ಮದುವೆ ಆಗ್ತೀಯಾ ಹಿಲ್ಡಾ ಅಂತ ಬಾಯಿ ತೆಗೆದಿದ್ದ. ಸುತ್ತ ಹೆಂಗಸರೆಲ್ಲ ಮಗ್ಗ ಬಿಟ್ಟು ನನ್ನ ಬಾಯಿ ನೋಡುತ್ತಾ ನಿಂತರು. ನಾನೂ ಕೈ ಅಡ್ಡ ಇಡಲಿಲ್ಲ. "ಮೊದಲು ನನ್ನ ಮೂರನೇ ಮಗ್ಗ ಸರಿಮಾಡು, ಆಮೇಲೆ ನೋಡೋಣ" ಅಂದೆ. ಇಡೀ ಶೆಡ್ಡು ನಕ್ಕಿತು. ಆ ನಗುವೂ ಕೇಳಿಸಲಿಲ್ಲ, ಹೆಗಲು ಕುಲುಕಿದ್ದು ಕಂಡಿತು. ಅವನು ಮಗ್ಗ ಸರಿಮಾಡಿದ. ಮದುವೆ ಆಯಿತು. ಮಕ್ಕಳು ಉಳಿಯಲಿಲ್ಲ. ಆ ಮಾತು ಇಲ್ಲಿ ಬೇಡ.

ಅವನು ಯೂನಿಯನ್ ಸೇರಿದ, ಊರಿನ ಕೌನ್ಸಿಲ್‌ಗೆ ಗೆದ್ದ. ಗಿರಣಿ ಬಾಗಿಲಲ್ಲಿ ಬಸ್ಸಿಗೆ ಕಾಯುವವರಿಗೆ ಒಂದು ಚಾವಣಿ ಹಾಕಿಸಿದ. ಹತ್ತು ಚಳಿಗಾಲ ಅದಕ್ಕೇ ಬಡಿದಾಡಿದ. ಅಷ್ಟರಲ್ಲಿ ನಮ್ಮ ಹಳೇ ಎಂ.ಪಿ. ವಯಸ್ಸಾಯಿತು ಅಂತ ಬಿಟ್ಟರು. ಪಕ್ಷದ ದೊಡ್ಡವರು ಲಂಡನ್ನಿನಿಂದ ಒಬ್ಬ ವಕೀಲನನ್ನು ಕಳಿಸಿದರು. ಹೆಸರು ಜೂಲಿಯನ್ ಹಾರ್ಕೋರ್ಟ್. ಒಳ್ಳೇ ಹುಡುಗ, ಒಳ್ಳೇ ಶೂಸು. ಊರಲ್ಲಿ ಪಕ್ಷದ ಕೆಲಸ ನೋಡಿಕೊಳ್ಳುವವನು ಪರ್ಸಿ ಕ್ರಾಬ್‌ಟ್ರೀ, ಅವನಿಗೂ ಹಾರ್ಕೋರ್ಟೇ ಬೇಕಿತ್ತು. ಯೂನಿಯನ್ ಹೆಂಗಸರು ಬಿಡಲಿಲ್ಲ, ಕೈ ಎತ್ತಿ ಜೋನಸ್‌ನನ್ನು ಚುನಾವಣೆಗೆ ನಿಲ್ಲಿಸಿದರು. ಪರ್ಸಿ ಅವನನ್ನು ಪಕ್ಕಕ್ಕೆ ಕರೆದು, ಮನೆ, ಬಸ್ಸು, ಶಾಲೆ, ಏನಾದರೂ ದೊಡ್ಡದು ಹೇಳು ಮಾರಾಯ, ಸೋಮವಾರ ಡಾಕ್ಟರು ಬರ್ತಾರೆ ಅಂದ್ರೆ ಯಾರು ಓಟು ಹಾಕ್ತಾರೆ ಅಂದ. ಜೋನಸ್ ಮನೆಮನೆಗೂ ಹೋಗಿ ಅದನ್ನೇ ಹೇಳಿದ. ಗೆದ್ದ. ಬಹಳ ಓಟಿನಿಂದ ಅಲ್ಲ, ಆದರೂ ಗೆದ್ದ.

ಮರುದಿನ ಬೀದಿಯಲ್ಲಿ ಒಂದೇ ತಮಾಷೆ. ಮೇಸ್ತ್ರಿ ಲಂಡನ್ನಿಗೆ ಹೋಗ್ತಾನೆ, ವಾಪಸ್ ಬರುವಾಗ ಪಾರ್ಲಿಮೆಂಟಿನ ಗಡಿಯಾರ ಹೊತ್ಕೊಂಡು ಬರ್ತಾನೆ ನೋಡ್ತಿರಿ ಅಂತ.

ಪಾರ್ಲಿಮೆಂಟಲ್ಲಿ ಪ್ರತಿಯೊಬ್ಬ ಮೆಂಬರಿಗೂ ಕೋಟು ಹಾಕಲು ಒಂದು ಗೂಟ. ಗೂಟಕ್ಕೆ ನಸುಗೆಂಪು ಟೇಪಿನ ಕುಣಿಕೆ. ಕತ್ತಿ ನೇತುಹಾಕಲು ಅಂತೆ. ಈಗ ಯಾರ ಹತ್ತಿರ ಕತ್ತಿ ಇದೆ? ಆದರೂ ಟೇಪು ಹಾಗೇ ಇದೆ. ಜೋನಸ್ ಅದಕ್ಕೆ ತನ್ನ ಬುತ್ತಿ ಚೀಲ ನೇತುಹಾಕಿದ. ಯಾರೋ ಮುಖ ಸಿಂಡರಿಸಿದರಂತೆ. ನನ್ನ ಹೆಂಡತಿ ಮಾಡಿದ ಹಂದಿಮಾಂಸದ ಕಡುಬು ಇದೆ, ಕತ್ತಿಗಿಂತ ಗಟ್ಟಿ ಅಂದನಂತೆ. ಶುಕ್ರವಾರ ರಾತ್ರಿ ಬಂದು ಇದನ್ನೆಲ್ಲ ಹೇಳಿ ನಗಿಸುತ್ತಿದ್ದ. ಶನಿವಾರ ಬೆಳಿಗ್ಗೆ ನಮ್ಮ ಮುಂದಿನ ಕೋಣೆಯಲ್ಲಿ ಕೂರುತ್ತಿದ್ದ, ಊರವರು ಕಷ್ಟ ಹೇಳಿಕೊಳ್ಳಲು ಬರುತ್ತಿದ್ದರು. ಮಾರ್ತಾ ಚಹಾ ಕೊಡುತ್ತಿದ್ದಳು. ಬರುವವರೆಲ್ಲ ಮೆಟ್ಟಿಲು ದಾಟಿ ಬರಬೇಕು. ಅದು ನನ್ನ ಕಾನೂನು.

ಹೊಸ ಮೆಂಬರ್ ಮೊದಲ ಭಾಷಣ ಮಾಡುವುದಕ್ಕೆ ಅಲ್ಲಿ ಒಂದು ಪದ್ಧತಿ ಇದೆ. ಹಿಂದೆ ಇದ್ದ ಎಂ.ಪಿ.ಯನ್ನು ಹೊಗಳಬೇಕು. ಊರಿನ ಗುಡ್ಡ ಹೊಳೆ ಹೊಗಳಬೇಕು. ಜಗಳದ ಮಾತು ಎತ್ತಬಾರದು. ಅದಕ್ಕೆ ಪ್ರತಿಯಾಗಿ ಯಾರೂ ಮಧ್ಯೆ ಬಾಯಿ ಹಾಕುವುದಿಲ್ಲ. ಪಕ್ಷದ ಮೆಂಬರುಗಳನ್ನು ಸಾಲಿನಲ್ಲಿ ಇಡುವವನಿಗೆ ವಿಪ್ಪು ಅನ್ನುತ್ತಾರೆ. ಆ ವಿಪ್ಪು ಜೋನಸ್‌ನನ್ನು ಕರೆದು, ನಮಗೆ ಬಹುಮತ ಕೂದಲೆಳೆಯಷ್ಟೇ ಇದೆ, ಗಿರಣಿ ಮಾಲೀಕರನ್ನು ಈಗ ಕೆಣಕೋದು ಬೇಡ, ಧೂಳಿನ ವಿಷಯಕ್ಕೆ ಒಂದು ಸಮಿತಿ ಕೂತಿದೆ, ನೀನು ನಿನ್ನ ಗುಡ್ಡಗಳ ಬಗ್ಗೆ ಹೇಳಿ ಕೂತ್ಕೋ ಅಂದನಂತೆ. ಜೋನಸ್ ಹೂಂ ಅನ್ನಲೂ ಇಲ್ಲ, ಉಹೂಂ ಅನ್ನಲೂ ಇಲ್ಲ. ನನಗೆ ಅದು ಹಿಡಿಸಲಿಲ್ಲ. ಅವನು ಸುಮ್ಮನಿದ್ದರೆ ಹೆದರಿದ್ದಾನೆ ಅಂತ ನನಗೆ ಗೊತ್ತು.

ಅದಕ್ಕೇ ಬುಧವಾರ ನಾನು ಹೋದೆ. ಮಾರ್ತಾ ಬ್ರೆಡ್ಡು ತಿಂದಳು.

ಮೇಲೆ ಜನ ಕೂತು ನೋಡುವ ಗ್ಯಾಲರಿ ಇದೆ. ಹಿಂದೆ ಬಾಲದ ಹಾಗೆ ಇಳಿಬಿದ್ದ ಕೋಟಿನ ಕಾವಲುಗಾರ ಒಬ್ಬ ಸಾಲಿನ ತುದಿಯಲ್ಲಿ ನಿಂತಿರುತ್ತಾನೆ. ಉಸಿರು ಬಿಟ್ಟರೂ ತಿರುಗಿ ನೋಡುತ್ತಾನೆ. ಕೆಳಗೆ ಹಸಿರು ಬೆಂಚುಗಳು. ಅಷ್ಟು ಚಿಕ್ಕ ಜಾಗ ಅಂತ ನಾನು ಅಂದುಕೊಂಡಿರಲಿಲ್ಲ. ನಮ್ಮ ಶೆಡ್ಡಿನಲ್ಲಿ ಅಂಥ ನಾಲ್ಕು ಹಿಡಿಯುತ್ತವೆ.

ಜೋನಸ್ ಎದ್ದ. ಕೈಯಲ್ಲಿ ಕಾಗದ. ಹಳೇ ಎಂ.ಪಿ.ಯನ್ನು ಹೊಗಳಿದ. ಅವರು ವರ್ಷಕ್ಕೆ ಎರಡು ಸಲ ನಮ್ಮೂರಿಗೆ ಬರ್ತಿದ್ದರು, ಎರಡೂ ಸಲ ಮಳೆ ಬರ್ತಿತ್ತು, ಪಾಪ ಅವರದೇನೂ ತಪ್ಪಿಲ್ಲ ಅಂದ. ಎಲ್ಲರೂ ನಕ್ಕರು. ಗುಡ್ಡ ಹೊಗಳಿದ. ಹೊಳೆ ಹೊಗಳಿದ, ನಾವು ಅದಕ್ಕೆ ಬಿಡುವ ಬಣ್ಣದ ನೀರಿನ ಮಾತು ಬಿಟ್ಟು. ಆಮೇಲೆ ಮಾತು ನಿಲ್ಲಿಸಿದ. ಮುಂದಿನ ಬೆಂಚಿನಿಂದ ವಿಪ್ಪು ತಿರುಗಿ ನೋಡಿ, ಸಾಕು ಕೂತ್ಕೋ ಅನ್ನುವ ಹಾಗೆ ತಲೆ ಆಡಿಸಿದ. ಜೋನಸ್ ಕೂರುವವನ ಹಾಗೆ ಮಂಡಿ ಬಗ್ಗಿಸಿದ. ನನಗೆ ಮೇಲಿನಿಂದಲೇ ಕಂಡಿತು.

ಕೂರುವ ಮೊದಲು ಅವನು ತಲೆ ಎತ್ತಿ ನನ್ನನ್ನು ಹುಡುಕಿದ.

ನಾನು ತುಟಿಯಲ್ಲಿ ಹೇಳಿದೆ. "ಮಾರ್ತಾ. ಸೋಮವಾರ. ಹೇಳು."

ಅವನು ಹಾಗೇ ನೋಡಿದ. ನಾನು ಇನ್ನೊಂದು ಸಲ ಅಂದೆ, ಈ ಸಲ ಬಾಯಿ ಅಗಲವಾಗಿ ತೆಗೆದು, ನಮ್ಮ ಶೆಡ್ಡಿನ ಆ ತುದಿಗೆ ಹೇಳುವ ಹಾಗೆ. "ಕೂರಬೇಡ. ಹೇಳು."

ಕಾಗದ ಮಡಿಸಿ ಜೇಬಿಗೆ ಇಟ್ಟ.

"ನನ್ನ ತಂಗಿ ಹತ್ತಿ ಹಿಂಜೋ ಕೋಣೇಲಿ ಕೆಲಸ ಮಾಡ್ತಾಳೆ. ಭಾನುವಾರ ಚಾಪೆಲ್‌ನಲ್ಲಿ ಹಾಡ್ತಾಳೆ. ಸೋಮವಾರ ಸಂಜೆ ಮಹಡಿ ಮೆಟ್ಟಿಲು ಕೂತ್ಕೊಂಡು ಹತ್ತುತ್ತಾಳೆ. ನಿಮ್ಮ ಡಾಕ್ಟರುಗಳು ಶುಕ್ರವಾರ ಅವಳ ಎದೆ ನೋಡಿ ಏನೂ ಇಲ್ಲ ಅಂದ್ರು. ಸೋಮವಾರ ಬಂದು ಕೇಳಿ. ನಾನು ಇಲ್ಲಿಗೆ ಬಂದಿರೋದು ಇಷ್ಟು ಹೇಳೋಕೆ."

ಎದುರು ಬೆಂಚಿನಿಂದ ಒಬ್ಬ ಮುದುಕ ಎದ್ದು ಏನೋ ಕೂಗಿದ. ಮೊದಲ ಭಾಷಣದಲ್ಲಿ ಹಾಗೆ ಮಾಡುವಂತಿಲ್ಲ. ಅವನ ಕಡೆಯವರೇ ಅವನಿಗೆ ಕೂರು ಕೂರು ಅಂದರು. ಜೋನಸ್‌ಗೆ ಎರಡೂ ಕೇಳಿಸಲಿಲ್ಲ. ಕಣ್ಣು ನನ್ನ ಮೇಲೇ ಇತ್ತು, ಕಿವಿ ಎಂದೋ ಹೋಗಿತ್ತು. ಅವನು ತನ್ನ ಜೋರು ದನಿಯಲ್ಲೇ ಮುಂದುವರಿಸಿದ, ಹಿಂಜುವ ಕೋಣೆಯ ಹೆಂಗಸರ ಹೆಸರುಗಳನ್ನು ಒಂದೊಂದಾಗಿ ಹೇಳಿದ, ಸತ್ತವರದ್ದೂ ಸೇರಿಸಿ. ಮುಗಿಸಿ ಕೂತ. ವಿಪ್ಪು ತಲೆ ಮೇಲೆ ಕೈ ಇಟ್ಟುಕೊಂಡಿದ್ದ.

ಕಾವಲುಗಾರ ನನ್ನ ಹತ್ತಿರ ಬಂದು ಬಗ್ಗಿದ. "ಅಮ್ಮಾ, ಇಲ್ಲಿ ಮಾತಾಡೋ ಹಾಗಿಲ್ಲ."

"ನಿಮಗೆ ನನ್ನ ದನಿ ಕೇಳಿಸ್ತಾ?"

"ಇಲ್ಲ."

"ಹಾಗಾದ್ರೆ ನಾನು ಮಾತಾಡಿಲ್ಲ."

ಅಷ್ಟರಲ್ಲಿ ಓಟಿಗೆ ಗಂಟೆ ಹೊಡೆಯಿತು. ಜೋನಸ್ ಓಟು ಹಾಕಲು ಹೋಗಲೇಬೇಕಿತ್ತು, ನನಗೆ ರೈಲು ಹಿಡಿಯಬೇಕಿತ್ತು. ಎಲ್ಲರೂ ಎದ್ದು ಓಡಾಡುತ್ತಿದ್ದಾಗ ಅವನು ನೆಲದ ಮೇಲೆ ನಿಂತು, ನಾನು ಮೇಲೆ ನಿಂತು ಮಾತಾಡಿದೆವು. ಶುಕ್ರವಾರ ಬರ್ತೀನಿ, ಕುರಿಮಾಂಸದ ಹಾಟ್‌ಪಾಟ್ ಮಾಡು, ಮೇಲಿನ ಆಲೂಗಡ್ಡೆ ದಪ್ಪಗೆ ಹಾಕು ಅಂದ. ನಾನು, ಕುತ್ತಿಗೆಗೆ ಮಫ್ಲರ್ ಕಟ್ಟಿಕೋ ಅಂದೆ. ಅವನಿಗೆ ನಾನು ಕೊನೆಗೆ ಹೇಳಿದ್ದು ಅದು. ದನಿ ಇರಲಿಲ್ಲ.

ಶುಕ್ರವಾರ ರೈಲಿನಲ್ಲಿ ಕಿಟಕಿಗೆ ಒರಗಿ ಕೂತಿದ್ದವನು ಏಳಲಿಲ್ಲ. ಎದುರಿಗೆ ಕೂತಿದ್ದವರು ಏನೋ ಕೇಳಿದರಂತೆ, ಉತ್ತರ ಬರಲಿಲ್ಲ, ನಿದ್ದೆ ಅಂದುಕೊಂಡರಂತೆ. ಮಫ್ಲರ್ ಕಟ್ಟಿಕೊಂಡಿದ್ದ. ಹೃದಯ ಅಂದರು ಡಾಕ್ಟರು. ಒಲೆಯಲ್ಲಿ ಹಾಟ್‌ಪಾಟ್ ಇತ್ತು. ಮಾರ್ತಾಳೂ ನಾನೂ ಅದನ್ನು ಮುಟ್ಟಲಿಲ್ಲ. ಪಕ್ಕದ ಮನೆಯವಳು ಪಾತ್ರೆ ತೆಗೆದುಕೊಂಡು ಹೋಗಿ ತೊಳೆದು ತಂದಿಟ್ಟಳು.

ಅವನನ್ನು ಹೊತ್ತುಕೊಂಡು ಹೋದ ದಿನ ಇಡೀ ಬೀದಿ ಅವನ ಗೌರವಕ್ಕೆ ಕಿಟಕಿ ಪರದೆ ಎಳೆದಿತ್ತು. ಎಲ್ಲ ಮೆಟ್ಟಿಲೂ ಉಜ್ಜಿತ್ತು. ಕೆಳತುದಿಯ ಸೋಮಾರಿ ಬೆಲ್ಲಾಳದ್ದೂ ಉಜ್ಜಿತ್ತು. ಅಷ್ಟು ಸಾಕು ನನಗೆ.

ಮಣ್ಣು ಒಣಗುವ ಮೊದಲೇ ಪರ್ಸಿ ಕ್ರಾಬ್‌ಟ್ರೀ ಬಂದ. ಸೀಟು ಖಾಲಿ ಇರಬಾರದು, ಮತ್ತೆ ಚುನಾವಣೆ, ಈ ಸಲ ಹಾರ್ಕೋರ್ಟ್ ನಿಲ್ಲುತ್ತಾನೆ ಅಂದ. ನಿಲ್ಲಲಿ ಅಂದೆ. ಕೋ-ಆಪರೇಟಿವ್ ಸಂಘದ ಹಾಲ್‌ನಲ್ಲಿ ಸಭೆ ಇದೆ, ನೀವು ವೇದಿಕೆ ಮೇಲೆ ಅವನ ಪಕ್ಕ ಕೂತರೆ ಜನಕ್ಕೆ ಸಮಾಧಾನ ಅಂದ. ಸೋಮವಾರ ಸಂಜೆ, ಆವತ್ತೊಂದೇ ಹಾಲ್ ಖಾಲಿ ಅಂದ. ನಾನು ಅವನ ಮುಖ ನೋಡಿದೆ. ಅವನಿಗೆ ಏನೂ ಹೊಳೆದಿರಲಿಲ್ಲ. ಪರ್ಸಿ ಗಿರಣಿಯಲ್ಲಿ ದುಡಿದವನಲ್ಲ, ಕೋ-ಆಪರೇಟಿವ್ ಅಂಗಡಿಯ ಗುಮಾಸ್ತ. ಅವನಿಗೆ ಸೋಮವಾರ ಅಂದರೆ ಖಾಲಿ ಹಾಲ್.

ಆಮೇಲೆ ಕೆಮ್ಮಿ, ಕುರ್ಚಿಯಲ್ಲಿ ಹೊರಳಾಡಿ, ನಿಜವಾದ ಮಾತಿಗೆ ಬಂದ.

"ಮಿಸೆಸ್ ಎಂಟ್ವಿಸಲ್, ಪೇಪರಿನವರು ಬಂದ್ರೆ ಜೋನಸ್‌ಗೆ ಕೊನೇ ವಾರ ಹುಷಾರಿರಲಿಲ್ಲ ಅಂತ ಒಂದು ಮಾತು ಹೇಳಿಬಿಡಿ. ಆ ಭಾಷಣ... ಕಾಯಿಲೆಯಲ್ಲಿ ಏನೋ ಮಾತಾಡಿದ ಅಂತ. ಲಂಡನ್ನಿನವರೂ ಮರೆತುಬಿಡ್ತಾರೆ."

"ಹುಷಾರಿಲ್ಲದೇ ಇದ್ದದ್ದು ಅವನ ಎದೆ ಪರ್ಸಿ. ತಲೆ ಅಲ್ಲ."

"ಹಾರ್ಕೋರ್ಟ್‌ಗೆ ಅದು ಅಡ್ಡ ಬರುತ್ತೆ ತಾಯಿ. ಆ ಧೂಳಿನ ವಿಷಯ ಎತ್ತಲ್ಲ ಅಂತ ಅವನು ಮೇಲಿನವರಿಗೆ ಒಪ್ಪಿಕೊಂಡು ಬಂದಿದ್ದಾನೆ."

ಹಾಗಾದರೆ ಜೋನಸ್‌ನನ್ನು ಎರಡು ಸಲ ಹೂಳಬೇಕು ಅಂತ ಇವರ ಲೆಕ್ಕ. ಒಂದು ಸಲ ಹೂಳಿದ್ದಾಗಿದೆ. ಇನ್ನೊಂದಕ್ಕೆ ನಾನು ಒಪ್ಪುವವಳಲ್ಲ. ಆದರೆ ಪರ್ಸಿಗೆ ಅದನ್ನು ಹೇಳಲಿಲ್ಲ. ವೇದಿಕೆಗೆ ಬರ್ತೀನಿ ಅಂದೆ. ಅವನ ಮುಖ ಅರಳಿತು. ನೀವು ಏನೂ ಮಾತಾಡಬೇಕಾಗಿಲ್ಲ, ಕೂತರೆ ಸಾಕು ಅಂದ. ಆಯಿತು, ಬಾಯಿಂದ ಒಂದು ದನಿ ಹೊರಡಿಸಲ್ಲ ಅಂತ ಮಾತು ಕೊಟ್ಟೆ. ಆ ಮಾತು ಉಳಿಸಿಕೊಂಡಿದ್ದೇನೆ.

ಸಭೆಯ ದಿನ ಬೆಳಿಗ್ಗೆ ಹಾರ್ಕೋರ್ಟ್ ನನ್ನನ್ನು ನೋಡಲು ಬಂದ. ಒದ್ದೆ ಮೆಟ್ಟಿಲ ನಡುವೆ ಸರಿಯಾಗಿ ಕಾಲಿಟ್ಟ. ಬಿಳಿ ಅಂಚಿನ ಮೇಲೆ ಶೂಸಿನ ಗುರುತು. ಕೆಳಗೆ ನೋಡಿ ಕೆಂಪಾದ.

"ಕ್ಷಮಿಸಿ, ಗೊತ್ತಾಗಲಿಲ್ಲ."

"ತುಳಿದಾಯ್ತಲ್ಲ. ಬನ್ನಿ ಒಳಗೆ."

ಜೋನಸ್ ಬಗ್ಗೆ ಒಳ್ಳೇ ಮಾತಾಡಿದ. ಚಹಾ ಕುಡಿದ. ಧೂಳಿನ ಸುದ್ದಿ ಎತ್ತಲಿಲ್ಲ. ಕೆಟ್ಟವನಲ್ಲ, ಅದು ನನಗೆ ಕಂಡಿತು. ಹೇಳಿಕೊಟ್ಟದ್ದನ್ನು ಮಾಡುವವನು, ಅಷ್ಟೇ. ಅಂಥವನಿಗೆ ಬೇರೆ ಕಡೆಯಿಂದಲೂ ಹೇಳಿಕೊಡಬಹುದು.

ಸಂಜೆ ಹಾಲ್ ತುಂಬಿತ್ತು. ಗಿರಣಿಯಿಂದ ನೇರವಾಗಿ ಬಂದ ಹೆಂಗಸರು, ಕೂದಲಿಗೆ ಹತ್ತಿಯ ನಾರು ಅಂಟಿದ ಹಾಗೇ. ಮಾರ್ತಾ ಎರಡನೇ ಸಾಲಿನಲ್ಲಿ ಗೋಡೆಗೆ ಒರಗಿದ್ದಳು. ವೇದಿಕೆ ಮೇಲೆ ಪರ್ಸಿ, ಮುಂದೆ ನಿಂತು ಮಾತಾಡುವ ಹಾರ್ಕೋರ್ಟ್, ಅವನ ಹಿಂದಕ್ಕೆ ಸ್ವಲ್ಪ ಪಕ್ಕದಲ್ಲಿ ನಾನು. ಅವನಿಗೆ ನನ್ನ ಮುಖ ಕಾಣುವುದಿಲ್ಲ. ಹಾಲ್‌ನವರಿಗೆಲ್ಲ ಕಾಣುತ್ತದೆ.

ಅವನು ಮನೆಗಳ ಬಗ್ಗೆ ಹೇಳಿದ, ರಸ್ತೆಗಳ ಬಗ್ಗೆ, ಶಾಲೆಗಳ ಬಗ್ಗೆ. ಚೆನ್ನಾಗೇ ಹೇಳಿದ. ನಾನು ಕಾದೆ. ಜೋನಸ್‌ನ ಹೆಸರು ತೆಗೆದ, ಆದರೆ ಜೋನಸ್ ಹೇಳಿದ್ದರ ಹೆಸರು ತೆಗೆಯಲಿಲ್ಲ. ಆವಾಗ ನಾನು ಬಾಯಿ ತೆರೆದೆ.

ತುಟಿಯಲ್ಲಿ ಹೇಳಿದೆ, ಇವನು ಸೋಮವಾರ ಅಂತ ಒಂದು ಸಲವೂ ಅನ್ನಲಿಲ್ಲ, ಗಮನಿಸಿದ್ರಾ.

ಎಲ್ಲ ಕಣ್ಣೂ ಅವನನ್ನು ಬಿಟ್ಟು ನನ್ನ ಕಡೆ ತಿರುಗಿದವು. ಹಾರ್ಕೋರ್ಟ್ ತನ್ನ ಮಾತು ಹಿಡಿಸಿತು ಅಂದುಕೊಂಡು ಇನ್ನಷ್ಟು ಹುರುಪಿನಿಂದ ಮಾತಾಡಿದ. ನಾನು, ಅನ್ನಲ್ಲ ಅಂತ ಲಂಡನ್ನಿನವರಿಗೆ ಒಪ್ಪಿಕೊಂಡು ಬಂದಿದ್ದಾನೆ ಅಂದೆ. ಜೋನಸ್ ಕಾಯಿಲೆಯಲ್ಲಿ ಬಡಬಡಿಸಿದ ಅಂತ ನಾನು ಹೇಳಬೇಕಂತೆ ಅಂದೆ. ಹಿಂದಿನ ಸಾಲಿನಲ್ಲಿ ಒಬ್ಬಳು ಥೂ ಅಂದಳು. ಪರ್ಸಿ ಅತ್ತ ಇತ್ತ ನೋಡಿದ. ಬೆಲ್ಲಾ ನನಗೆ ತುಟಿಯಲ್ಲೇ ಹೇಳಿದಳು, ಪರ್ಸಿ ಕೋಳಿ ಕಳಕೊಂಡವನ ಹಾಗೆ ನೋಡ್ತಿದ್ದಾನೆ ಕಣೇ ಅಂತ. ಮೂರು ಸಾಲು ನಕ್ಕಿತು. ಹಾರ್ಕೋರ್ಟ್ ಆಗ ಒಳಚರಂಡಿಯ ಬಗ್ಗೆ ಹೇಳುತ್ತಿದ್ದ.

ನಾನು ಕೊನೆಗೆ ಹೇಳಿದೆ. "ಮಾರ್ತಾ, ಎದ್ದು ನಿಲ್ಲು. ಕೇಳು ಅವನನ್ನ."

ಮಾರ್ತಾ ಎದ್ದಳು. ಪಕ್ಕದವರು ಹಿಡಿದುಕೊಂಡರು. ಹಾರ್ಕೋರ್ಟ್ ಮಾತು ನಿಲ್ಲಿಸಿ, ಹೇಳಿ ತಾಯಿ ಅಂದ. ಅವಳು ಬಾಯಿ ತೆರೆದಳು. ಮಾತು ಬರಲಿಲ್ಲ. ಉಸಿರು ಎಳೆದಳು. ಆ ಸದ್ದು ನಿಮಗೆ ಹೇಗೆ ಹೇಳಲಿ? ಎಣ್ಣೆ ಇಲ್ಲದ ರಾಟೆ, ದೂರದಲ್ಲಿ, ಯಾರೋ ನಿಧಾನವಾಗಿ ತಿರುಗಿಸಿದ ಹಾಗೆ. ಮತ್ತೆ ಎಳೆದಳು. ಮತ್ತೆ. ಜನ ಸುಮ್ಮನೆ ಕೂತು ಅವಳ ಎದೆ ಕೇಳಿದರು. ಪರ್ಸಿ ಎದ್ದು ಏನೋ ಹೇಳಲು ಹೋದ, ಹಾರ್ಕೋರ್ಟ್ ಕೈ ಹಿಡಿದು ಕೂರಿಸಿದ.

ಕಡೆಗೆ ಅವಳಿಗೆ ಒಂದೇ ಮಾತು ಹೊರಟಿತು. "ಸೋಮವಾರ," ಅಂದಳು.

ಹಾರ್ಕೋರ್ಟ್ ವೇದಿಕೆಯಿಂದ ಇಳಿದ. ಎರಡನೇ ಸಾಲಿಗೆ ಹೋಗಿ ಅವಳ ಮುಂದೆ ನಿಂತ. ಹತ್ತಿರದಿಂದ ಇನ್ನೂ ಎರಡು ಉಸಿರು ಕೇಳಿದ. ಅವನ ಮುಖ ಬಿಳಿಚಿಕೊಂಡಿತ್ತು. ತಿರುಗಿ ನನ್ನನ್ನು ನೋಡಿದ. ಹೆಂಗಸರೆಲ್ಲ ಆ ಹೊತ್ತಿಡೀ ಯಾರ ಮುಖ ನೋಡುತ್ತಿದ್ದರು ಅಂತ ಆಗ ಅವನಿಗೆ ತಿಳಿಯಿತು ಅಂತ ಕಾಣುತ್ತೆ.

"ನನಗೆ ಕೇಳಿಸಿತು," ಅಂದ ಅವನು ಹಾಲ್‌ನವರಿಗೆಲ್ಲ. "ಗೆದ್ದರೆ ನನ್ನ ಮೊದಲ ಮಾತು ಇದೇ. ಗುಡ್ಡ ಹೊಳೆ ಆಮೇಲೆ."

ಯಾರೂ ಚಪ್ಪಾಳೆ ಹೊಡೆಯಲಿಲ್ಲ. ನಮ್ಮವರು ಮೊದಲು ಕೆಲಸ ನೋಡುತ್ತಾರೆ.

ಮನೆಗೆ ಹೋಗುವಾಗ ಪರ್ಸಿ ನನ್ನ ಹಿಂದೆ ಓಡಿಬಂದ. ಮಾತಾಡಲ್ಲ ಅಂದಿದ್ದಿರಲ್ಲ ಅಂದ. ನನ್ನ ದನಿ ಕೇಳಿಸ್ತಾ ನಿನಗೆ ಅಂದೆ. ಅವನು ಇವತ್ತಿಗೂ ನನ್ನ ಜೊತೆ ಸರಿಯಾಗಿ ಮಾತಾಡುವುದಿಲ್ಲ. ನಾನೂ ಅವನ ಅಂಗಡಿಯಲ್ಲಿ ಬೆಣ್ಣೆ ಕೊಳ್ಳುವುದಿಲ್ಲ.

ಹಾರ್ಕೋರ್ಟ್ ಗೆದ್ದ. ಅವನ ಮೊದಲ ಭಾಷಣಕ್ಕೆ ನಾನು ಹೋಗಿ ಗ್ಯಾಲರಿಯ ಅದೇ ಜಾಗದಲ್ಲಿ ಕೂತೆ. ಅದೇ ಕಾವಲುಗಾರ, ನನ್ನನ್ನು ನೋಡಿ ನಿಟ್ಟುಸಿರು ಬಿಟ್ಟ. ಹಾರ್ಕೋರ್ಟ್‌ಗೆ ತುಟಿ ಓದಲು ಬರುವುದಿಲ್ಲ. ಆದರೂ ಎದ್ದು ನಿಂತವನು ಮೊದಲು ಮೇಲೆ ನೋಡಿದ. ನಾನೂ ನೋಡಿದೆ, ಅಷ್ಟೇ. ಅವನು ಹೇಳಿದ. ಜೋನಸ್‌ನ ಹಾಗೆ ಅಲ್ಲ, ವಕೀಲರ ಹಾಗೆ, ನಯವಾಗಿ. ಆದರೆ ಸೋಮವಾರ ಅಂತಲೇ ಹೇಳಿದ. ವಿಪ್ಪು ಮತ್ತೆ ತಲೆ ಮೇಲೆ ಕೈ ಇಟ್ಟುಕೊಂಡ.

ಈ ವಸಂತದಲ್ಲಿ ಡಾಕ್ಟರುಗಳು ಚಾಪೆಲ್ ಶಾಲೆಯ ಕೋಣೆಗೆ ಬಂದರು. ಸೋಮವಾರ, ಸಂಜೆ, ಗಿರಣಿ ಬಿಟ್ಟ ಮೇಲೆ. ಹೆಂಗಸರು ಬೀದಿಯವರೆಗೂ ಸಾಲು ನಿಂತರು. ಮಾರ್ತಾಳ ಎದೆಯನ್ನು ಇಬ್ಬರು ಕೇಳಿದರು, ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಉತ್ತರ ಇನ್ನೂ ಬಂದಿಲ್ಲ. ಬರದಿದ್ದರೆ ಗ್ಯಾಲರಿ ಎಲ್ಲಿದೆ ಅಂತ ನನಗೆ ಗೊತ್ತಿದೆ. ಬೀದಿಯ ಹೆಂಗಸರೂ ಬರುತ್ತೇವೆ ಅಂದಿದ್ದಾರೆ. ಒಂದು ಸಾಲು ಪೂರ್ತಿ ತುಂಬುತ್ತದೆ.

ಶನಿವಾರ ಬೆಳಿಗ್ಗೆ ಹಾರ್ಕೋರ್ಟ್ ನಮ್ಮ ಮುಂದಿನ ಕೋಣೆಯಲ್ಲೇ ಕೂತು ಜನರ ಕಷ್ಟ ಕೇಳುತ್ತಾನೆ. ಜೋನಸ್‌ನ ಕುರ್ಚಿಯಲ್ಲಿ ಅಲ್ಲ, ಪಕ್ಕದಲ್ಲಿ. ಕೂರುವ ಮೊದಲು ನಾನು ಕೇಳುತ್ತೇನೆ, ಆ ಉತ್ತರ ಎಲ್ಲಿಗೆ ಬಂತು ಅಂತ. ಪ್ರತಿ ಶನಿವಾರ ಕೇಳುತ್ತೇನೆ. ಅವನಿಗೆ ಬೇಜಾರಾಗುತ್ತೆ, ಆಗಲಿ.

ಬೀದಿಯಲ್ಲಿ ಈಗ ಕೆಲವರು ಮೆಟ್ಟಿಲು ಉಜ್ಜುವುದು ಬಿಟ್ಟಿದ್ದಾರೆ. ಬಣ್ಣ ಬಳಿದುಬಿಟ್ಟರೆ ವರ್ಷ ಬರುತ್ತೆ ಅನ್ನುತ್ತಾರೆ. ಹಳೇ ಬಟ್ಟೆಗೆ ಬಿಳಿಕಲ್ಲು ಕೊಡುವ ಗಾಡಿಯವನು ಬರುವುದೂ ಅಪರೂಪ. ಬಂದಾಗ ನಾನು ಜೋನಸ್‌ನ ಹಳೇ ಅಂಗಿ ಒಂದೊಂದೇ ಕೊಟ್ಟು ಕಲ್ಲು ತೆಗೆದಿಟ್ಟುಕೊಳ್ಳುತ್ತೇನೆ. ಮದುವೆಯ ಕೋಟು ಮಾತ್ರ ಕೊಟ್ಟಿಲ್ಲ.

ಬೆಳಿಗ್ಗೆ ಎದ್ದು ಬಕೆಟ್ಟು ತುಂಬುತ್ತೇನೆ. ಬಾಗಿಲು ತೆಗೆದು ಮಂಡಿಯೂರುತ್ತೇನೆ. ಮಾರ್ತಾ ನನ್ನ ತಲೆಯ ಮೇಲಿಂದ ಕಾಲು ಎತ್ತಿ ದಾಟಿ ಹೋಗುತ್ತಾಳೆ. ನೀರು ಹಾಕಿ ತಿಕ್ಕುತ್ತೇನೆ, ಆಮೇಲೆ ಅಂಚಿಗೆ ಕಲ್ಲು ಎಳೆಯುತ್ತೇನೆ, ಎಡದಿಂದ ಬಲಕ್ಕೆ, ಒಣಗುವ ಮೊದಲು.